ಬಬಾಥಾಳ ಆಧಾರಗಳು: ರುಜುವಿನ ಸಾಲಿನಿಂದ ಮೇಲಕ್ಕೆ

ಕಾಸರಗೋಡಿನ ಮಂಜೇಶ್ವರ, ಕುಂಬಳೆ, ಬದಿಯಡ್ಕದ ಕಡೆಯ ಹಳೆಯ ಮನೆಗಳ ಪೆಟ್ಟಿಗೆಯಲ್ಲಿ ಎರಡು ಕಾಲದ ಆಧಾರಗಳು, ಅಂದರೆ ಜಾಗದ ದಸ್ತಾವೇಜುಗಳು, ಒಟ್ಟಿಗೇ ಇರುತ್ತವೆ. 1956ರ ನವೆಂಬರ್ 1ಕ್ಕಿಂತ ಹಿಂದಿನವು, ಅಂದರೆ ಮದ್ರಾಸಿನ ದಕ್ಷಿಣ ಕನ್ನಡ ಜಿಲ್ಲೆಯ ಕಾಲದವು, ಕನ್ನಡದಲ್ಲಿ. ಈಚಿನವು, ಅಂದರೆ ಊರು ಕೇರಳಕ್ಕೆ ಸೇರಿದ ಮೇಲಿನವು, ಮಲಯಾಳದಲ್ಲಿ. ಮಲಯಾಳದ ಆಧಾರದ ಅಡಿಯಲ್ಲಿ ಅಜ್ಜನ ರುಜು ಮಾತ್ರ ಕನ್ನಡದಲ್ಲೇ ಇರುತ್ತದೆ. ಅಜ್ಜಿಯದಾದರೆ ಹೆಬ್ಬೆಟ್ಟು, ಪಕ್ಕದಲ್ಲಿ ಬರೆದುಕೊಟ್ಟವರ ಬಿಕಲಂ, ಅಂದರೆ ಬರೆದವರ ರುಜು. ಇಂಥ ಕಾಗದ ನೋಡಿ ರೂಢಿ ಇರುವವರು ಅದನ್ನು ಅಡಿಯಿಂದ ಮೇಲಕ್ಕೆ ಓದುತ್ತಾರೆ: ರುಜು ಯಾರದು, ಯಾವ ಅಕ್ಷರದಲ್ಲಿದೆ, ಸಾಕ್ಷಿಗಳು ಯಾವ ಮನೆಯವರು, ಆಮೇಲೆ ಚಕ್ಕುಬಂದಿ, ಒಡಲು ಕೊನೆಗೆ.

ಗ್ರೀಕರ, ರೋಮನರ ಆಳ್ವಿಕೆಯಲ್ಲಿದ್ದ ಯಹೂದಿಗಳ ಚರಿತ್ರೆ ಓದಬೇಕೆಂದು ಹೊರಟವರಿಗೆ ನಾನು ಹೇಳುವುದು ಇಷ್ಟೆ: ಈ ಕಣ್ಣನ್ನು ಅಲ್ಲಿಗೂ ತೆಗೆದುಕೊಂಡು ಹೋಗಿ. ಎಲ್ಲರೂ ಶುರುಮಾಡುವುದು ಜೋಸೆಫಸ್‌ನಿಂದ. ಆತ ಕ್ರಿ.ಶ. 37ರ ಹೊತ್ತಿಗೆ ಜೆರುಸಲೇಮಿನ ಪುರೋಹಿತ ಮನೆತನದಲ್ಲಿ ಹುಟ್ಟಿದವನು. ಗಲಿಲಾಯದಲ್ಲಿ ದಂಗೆಯ ಸೇನಾನಿಯಾಗಿದ್ದು, 67ರಲ್ಲಿ ಯೊದ್ಫಾತಿನಲ್ಲಿ ರೋಮನರಿಗೆ ಶರಣಾದವನು. ಮುಂದೆ ರೋಮಿನಲ್ಲಿ ಕೂತು ಯುದ್ಧದ ಚರಿತ್ರೆಯನ್ನು 7 ಪುಸ್ತಕಗಳಲ್ಲಿ, ತನ್ನ ಜನರ ಇಡೀ ಚರಿತ್ರೆಯನ್ನು 20 ಪುಸ್ತಕಗಳಲ್ಲಿ ಗ್ರೀಕಿನಲ್ಲಿ ಬರೆದ. ಅವನಿಲ್ಲದೆ ಈ ಶಾಸ್ತ್ರವೇ ಇಲ್ಲ. ಆದರೆ ಅವನು ಬರೆದದ್ದು ರೋಮಿನ ಆಶ್ರಯದಲ್ಲಿ, ಅದು ನಮಗೆ ಬಂದದ್ದು ಕ್ರೈಸ್ತ ನಕಲುಗಾರರ ಕೈಯಿಂದ. ಇಪ್ಪತ್ತರ ಪೈಕಿ 18ನೇ ಪುಸ್ತಕದಲ್ಲಿ ಯೇಸುವಿನ ಬಗ್ಗೆ ಇರುವ ಚಿಕ್ಕ ಭಾಗವನ್ನು ಆ ಕೈಗಳು ತಿದ್ದಿವೆ ಎಂಬುದನ್ನು ಹೆಚ್ಚಿನ ವಿದ್ವಾಂಸರು ಒಪ್ಪುತ್ತಾರೆ. ತೋಟ ಇದ್ದವಳು, ಅಕ್ಷರ ಬಾರದವಳು, ಮಗನ ಖರ್ಚಿಗಾಗಿ ಕೋರ್ಟು ಹತ್ತಿದವಳು ಇಂಥ ಚರಿತ್ರೆಯಲ್ಲಿ ಸಿಗುವುದಿಲ್ಲ. ಅವಳು ಸಿಗುವುದು ಒಂದು ಚರ್ಮದ ಚೀಲದಲ್ಲಿ.

ಮೃತ ಸಮುದ್ರದ ಪಶ್ಚಿಮಕ್ಕೆ ನಹಲ್ ಹೆವೆರ್ ಎಂಬ ಆಳವಾದ ಕಣಿವೆ ಇದೆ. ಅದರ ಬಂಡೆಗೋಡೆಯ ಗುಹೆಯೊಂದನ್ನು 1960 ಮತ್ತು 1961ರಲ್ಲಿ ಯಿಗಾಯೆಲ್ ಯಾದಿನ್ ಅವರ ತಂಡ ಶೋಧಿಸಿತು. ಮೊದಲ ವರ್ಷ ಸಿಕ್ಕಿದ್ದು ಬಾರ್ ಕೊಖ್ಬಾನ ಪತ್ರಗಳು. ರೋಮಿನ ವಿರುದ್ಧ 132ರಲ್ಲಿ ಎದ್ದ ದಂಗೆಯ ನಾಯಕ ಆತ. ಎರಡನೇ ವರ್ಷ ಸಿಕ್ಕಿದ್ದು ಬಬಾಥಾ ಎಂಬ ಹೆಂಗಸಿನ ಕಾಗದಪತ್ರಗಳ ಕಟ್ಟು, 35 ದಸ್ತಾವೇಜುಗಳು. ಅವುಗಳಲ್ಲಿ ಅತಿ ಹಳೆಯದು 93–94ರದು, ಕೊನೆಯದು 132ರ ಆಗಸ್ಟ್ 19ರದು. ಗುಹೆಯ ಮೇಲಿನ ಬಂಡೆಯ ನೆತ್ತಿಯಲ್ಲಿ ರೋಮನ್ ಪಾಳೆಯದ ಕಲ್ಲುಗೋಡೆಗಳಿವೆ. ಗುಹೆಯೊಳಗೆ ಹೆಂಗಸರ, ಮಕ್ಕಳ, ಗಂಡಸರ ಎಲುಬುಗಳು ಸಿಕ್ಕಿವೆ.

ಬಬಾಥಾಳ ಊರು ಮಹೋಜಾ, ಮೃತ ಸಮುದ್ರದ ದಕ್ಷಿಣ ತೀರದ ಖರ್ಜೂರದ ತೋಟಗಳ ಊರು. 106ರವರೆಗೆ ಅದು ನಬಾಟಿಯನ್ ರಾಜ್ಯ, ರಾಜಧಾನಿ ಪೆಟ್ರಾ. ಆ ವರ್ಷ ಚಕ್ರವರ್ತಿ ಟ್ರಾಜನ್ ಅದನ್ನು ಸೇರಿಸಿಕೊಂಡು ಅರೇಬಿಯಾ ಎಂಬ ಪ್ರಾಂತ ಮಾಡಿದ. ಊರು ಅಲ್ಲೇ, ತೋಟ ಅಲ್ಲೇ, ಜನರೂ ಅವರೇ. ಬದಲಾದದ್ದು ಕಚೇರಿ. ಕಾಸರಗೋಡಿನವರಿಗೆ ಇದನ್ನು ಹೆಚ್ಚು ಬಿಡಿಸಿ ಹೇಳಬೇಕಾಗಿಲ್ಲ.

35 ಪತ್ರಗಳಲ್ಲಿ 6 ನಬಾಟಿಯನ್ ಭಾಷೆಯವು, 3 ಯಹೂದಿಗಳ ಅರಾಮಿಕ್ ಭಾಷೆಯವು, 26 ಗ್ರೀಕ್. ಈ ಲೆಕ್ಕವನ್ನು ಮಾತ್ರ ನೋಡಿದವರು "ರೋಮ್ ಬಂತು, ಗ್ರೀಕ್ ಬಂತು" ಎಂದು ಬರೆದುಬಿಡುತ್ತಾರೆ. ತಾರೀಕಿನ ಪ್ರಕಾರ ಜೋಡಿಸಿದರೆ ಚಿತ್ರ ಬೇರೆ. ಪ್ರಾಂತವಾದ ನಾಲ್ಕೇ ವರ್ಷಕ್ಕೆ, 110ರಲ್ಲಿ, ಒಂದು ಗ್ರೀಕ್ ಪತ್ರ ಇದೆ. ಆದರೆ 119ರಲ್ಲಿ ನಬಾಟಿಯನ್, 120ರಲ್ಲಿ ಅರಾಮಿಕ್, 122ರಲ್ಲಿ ಮತ್ತೆ ಇವೆರಡೂ ಇವೆ. 124ರಿಂದ ಈಚೆಗೆ ಬಬಾಥಾಳ ಮದುವೆಯ ಪತ್ರವೊಂದನ್ನು ಬಿಟ್ಟರೆ ಎಲ್ಲವೂ ಗ್ರೀಕ್. ಕಚೇರಿಯ ಭಾಷೆ ಮನೆಯ ಪೆಟ್ಟಿಗೆಗೆ ಬರಲು ಹದಿನೆಂಟು ವರ್ಷ ಹಿಡಿಯಿತು. ಬಂದದ್ದೂ ಹುಕುಮಿನಿಂದ ಅಲ್ಲ ಎಂದು ನನ್ನ ಅಭಿಪ್ರಾಯ. 124ರಲ್ಲಿ ಅವಳ ಮಗನಿಗೆ ಪಾಲಕರನ್ನು ನೇಮಿಸಿದ ಪೆಟ್ರಾದ ನಗರಸಭೆಯ ಠರಾವಿನ ನಕಲು ಕಟ್ಟಿನಲ್ಲಿದೆ. ಅಲ್ಲಿಂದ ಮುಂದೆ ಅವಳ ಬದುಕು ರಾಜ್ಯಪಾಲನ ನ್ಯಾಯಸ್ಥಾನದ ಸುತ್ತ ತಿರುಗಿತು. ಅಲ್ಲಿ ನಡೆಯುವುದು ಗ್ರೀಕ್. ನ್ಯಾಯಸ್ಥಾನಕ್ಕೆ ಹೋಗಬೇಕಾಗಬಹುದು ಎಂದಾದಾಗ ಜನ ಪತ್ರವನ್ನು ಅಲ್ಲಿ ಓದಲು ಬರುವ ಭಾಷೆಯಲ್ಲೇ ಬರೆಸುತ್ತಾರೆ.

ಕಾಗದ ಹೇಗಿದೆ ಎಂಬುದನ್ನು ಮೊದಲು ತಿಳಿದುಕೊಳ್ಳಬೇಕು. ಇವುಗಳಲ್ಲಿ ಹೆಚ್ಚಿನವು ಜೋಡಿ ಪತ್ರಗಳು. ಜೊಂಡಿನಿಂದ ಮಾಡಿದ ಪಪೈರಸ್ ಹಾಳೆಯ ಮೇಲ್ಭಾಗದಲ್ಲಿ ಒಮ್ಮೆ, ನಡುವೆ ಸ್ವಲ್ಪ ಜಾಗ ಬಿಟ್ಟು ಕೆಳಗೆ ಇನ್ನೊಮ್ಮೆ, ಒಂದೇ ಪಾಠವನ್ನು ಎರಡು ಸಲ ಬರೆಯುತ್ತಾರೆ. ಆಮೇಲೆ ಮೇಲಿನ ಭಾಗವನ್ನು ಬಿಗಿಯಾಗಿ ಸುರುಳಿ ಸುತ್ತಿ, ದಾರ ಹಾಕಿ ಹೊಲಿದು ಗಂಟು ಹಾಕುತ್ತಾರೆ. ಪ್ರತಿ ಗಂಟಿನ ಹತ್ತಿರ, ಹಾಳೆಯ ಬೆನ್ನಿನಲ್ಲಿ, ಒಬ್ಬೊಬ್ಬ ಸಾಕ್ಷಿಯ ರುಜು. ಕೆಳಗಿನ ಪಾಠ ದಿನಬಳಕೆಗೆ ತೆರೆದಿರುತ್ತದೆ. ಅದನ್ನು ಯಾರೋ ತಿದ್ದಿದ್ದಾರೆ ಎಂದು ತಕರಾರು ಬಂದರೆ ನ್ಯಾಯಾಧಿಪತಿಯ ಎದುರು ದಾರ ಕತ್ತರಿಸಿ ಒಳಗಿನದನ್ನು ತಾಳೆ ನೋಡಬಹುದು. ಸುಮಾರು 200ರ ಹೊತ್ತಿಗೆ ಸಂಕಲನಗೊಂಡ ಮಿಶ್ನಾ ಎಂಬ ಯಹೂದಿ ಧರ್ಮಶಾಸ್ತ್ರದಲ್ಲೂ ಈ ಎರಡು ಬಗೆ ಬರುತ್ತದೆ: ಬಿಚ್ಚು ಪತ್ರಕ್ಕೆ ಸಾಕ್ಷಿ ಒಳಗೆ, ಇಬ್ಬರು ಸಾಕು. ಕಟ್ಟಿದ ಪತ್ರಕ್ಕೆ ಸಾಕ್ಷಿ ಬೆನ್ನಿನಲ್ಲಿ, ಮೂವರು ಬೇಕು. ಬಬಾಥಾಳ ಪತ್ರಗಳಲ್ಲಿ ಸಾಮಾನ್ಯವಾಗಿ ಐದು ಅಥವಾ ಏಳು ಮಂದಿ ಇರುತ್ತಾರೆ.

ಓದುವವರಿಗೆ ಇದರಿಂದ ಒಂದು ದೊಡ್ಡ ಉಪಕಾರ. ಹೊರಗಿನ ಪಾಠದಲ್ಲಿ ಒಂದು ಶಬ್ದ ಹುಳ ತಿಂದು ಹೋಗಿದ್ದರೆ ಒಳಗಿನದರಲ್ಲಿ ಉಳಿದಿರಬಹುದು. ಹಾಗೆ ಎರಡನ್ನೂ ತಾಳೆ ನೋಡಿ ತುಂಬಿದ ಖಾಲಿ ಜಾಗ ಬೇರೆ, ಸಂಪಾದಕರು ಊಹಿಸಿ ತುಂಬಿದ್ದು ಬೇರೆ. ಅಚ್ಚಾದ ಪುಟದಲ್ಲಿ ಎರಡೂ ಚೌಕ ಆವರಣದಲ್ಲೇ ಇರುತ್ತವೆ, ಆದ್ದರಿಂದ ಅಡಿಟಿಪ್ಪಣಿ ನೋಡದೆ ಮುಂದೆ ಹೋಗಬಾರದು. ಈ ಗುರುತುಗಳನ್ನು 1931ರಲ್ಲಿ ಲೈಡನ್ ನಗರದಲ್ಲಿ ವಿದ್ವಾಂಸರು ಸೇರಿ ನಿಗದಿ ಮಾಡಿದರು, ಇಂದಿಗೂ ಅವೇ ನಡೆಯುತ್ತಿವೆ. ಚೌಕ ಆವರಣ ಎಂದರೆ ಕಾಗದ ಹರಿದ ಜಾಗ. ದುಂಡು ಆವರಣ ಎಂದರೆ ಬರೆದವನು ಹ್ರಸ್ವ ಮಾಡಿದ್ದನ್ನು ಸಂಪಾದಕ ಬಿಡಿಸಿ ಬರೆದದ್ದು. ಮೊನೆಯ ಆವರಣ ಎಂದರೆ ಬರೆದವನು ಬಿಟ್ಟುಬಿಟ್ಟ ಅಕ್ಷರ, ಜೋಡಿ ಚೌಕ ಎಂದರೆ ಅವನೇ ಹೊಡೆದುಹಾಕಿದ ಅಕ್ಷರ. ಅಕ್ಷರದ ಅಡಿಯಲ್ಲಿ ಚುಕ್ಕಿ ಇದ್ದರೆ ಶಾಯಿ ಉಂಟು, ಆದರೆ ಓದು ಖಚಿತವಲ್ಲ. ಅನುವಾದದಲ್ಲಿ ಈ ಚುಕ್ಕಿಗಳು ಮಾಯವಾಗುತ್ತವೆ. ಬರೀ ಅನುವಾದ ಓದಿ ವಾದಕ್ಕೆ ಇಳಿದವರು ಎಡವುವುದು ಇಲ್ಲಿ.

ಈಗ ಒಂದು ಪತ್ರವನ್ನು ಹತ್ತಿರದಿಂದ ನೋಡುವ. ಪಿ. ಯಾದಿನ್ 16, ಅಂದರೆ ಯಾದಿನ್ ಪಪೈರಸ್ 16. ಇದು 127ರ ಡಿಸೆಂಬರದು. ರಾಜ್ಯಪಾಲ ಸೆಕ್ಸ್‌ಟಿಯಸ್ ಫ್ಲೊರೆಂಟಿನಸ್ ಪ್ರಾಂತದ ಗಣತಿ ಮಾಡಿಸಿದಾಗ ಬಬಾಥಾ ರಬ್ಬತ್ ಮೋಆಬ್ ಪಟ್ಟಣಕ್ಕೆ ಹೋಗಿ ತನ್ನ ನಾಲ್ಕು ಖರ್ಜೂರದ ತೋಟಗಳನ್ನು ನೋಂದಾಯಿಸಿದಳು. ಆ ರಾಜ್ಯಪಾಲನ ಬಂಡೆಸಮಾಧಿಯನ್ನು ಇಂದಿಗೂ ಪೆಟ್ರಾದಲ್ಲಿ ನೋಡಬಹುದು. ನಮ್ಮ ಕೈಯಲ್ಲಿರುವುದು ದೃಢೀಕೃತ ನಕಲು. ಮೂಲವನ್ನು ಅಲ್ಲಿನ ಬಸಿಲಿಕಾದಲ್ಲಿ, ಅಂದರೆ ಸಾರ್ವಜನಿಕ ಸಭಾಭವನದಲ್ಲಿ, ತೂಗುಹಾಕಿದ್ದಾರೆ ಎಂದು ಮೊದಲ ಸಾಲುಗಳೇ ಹೇಳುತ್ತವೆ.

ತಾರೀಕನ್ನು ನಾಲ್ಕು ರೀತಿಯಲ್ಲಿ ಕೊಟ್ಟಿದ್ದಾರೆ: ಚಕ್ರವರ್ತಿ ಹೇಡ್ರಿಯನ್‌ನ ಅಧಿಕಾರದ ವರ್ಷ, ಆ ವರ್ಷದ ಇಬ್ಬರು ಕಾನ್ಸಲ್‌ಗಳ (ರೋಮಿನ ಉನ್ನತ ಅಧಿಕಾರಿಗಳ) ಹೆಸರು, ರೋಮನ್ ತಿಂಗಳ ದಿನ, ಆಮೇಲೆ "ಹೊಸ ಪ್ರಾಂತದ ಎಣಿಕೆಯಂತೆ 22ನೇ ವರ್ಷ, ಅಪೆಲ್ಲಾಯೋಸ್ ತಿಂಗಳ 16". ಹಳೆಯ ಆಧಾರದಲ್ಲಿ ಸಂವತ್ಸರ, ಫಸಲಿ, ಇಂಗ್ಲಿಷ್ ತಾರೀಕು ಒಟ್ಟಿಗೆ ಇದ್ದಂತೆಯೇ. ಮದ್ರಾಸ್ ಫಸಲಿಗೆ 590 ಸೇರಿಸಿದರೆ ಇಸವಿ ಬರುವ ಹಾಗೆ ಪ್ರಾಂತದ ವರ್ಷಕ್ಕೆ 105 ಸೇರಿಸಬೇಕು. ಫಸಲಿ ಜುಲೈ 1ಕ್ಕೆ ತಿರುಗುತ್ತದೆ, ಪ್ರಾಂತದ ವರ್ಷ ಮಾರ್ಚ್ 22ಕ್ಕೆ. ಆದ್ದರಿಂದ ಜನವರಿಯಿಂದ ಮಾರ್ಚ್ 21ರ ಒಳಗಿನ ಪತ್ರಕ್ಕೆ 106 ಸೇರಿಸಿ. ಇದನ್ನು ಮರೆತರೆ ಇಡೀ ಒಂದು ವರ್ಷ ತಪ್ಪುತ್ತದೆ. ತಿಂಗಳ ಹೆಸರು ಮಕೆದೋನಿಯದ್ದು. ಅರೇಬಿಯಾದ ಪಂಚಾಂಗದಲ್ಲಿ ಅಪೆಲ್ಲಾಯೋಸ್ ಶುರುವಾಗುವುದು ನವೆಂಬರ್ 17ಕ್ಕೆ, ಹಾಗಾಗಿ 16ನೇ ದಿನ ಎಂದರೆ ಡಿಸೆಂಬರ್ 2. ರೋಮನ್ ಎಣಿಕೆಯಲ್ಲೂ ಡಿಸೆಂಬರ್ 2 ಎಂದೇ ಬರುತ್ತದೆ. ಒಂದು ಲೆಕ್ಕ ಇನ್ನೊಂದನ್ನು ಗಟ್ಟಿ ಮಾಡಿತು. ಎರಡು ಪಂಚಾಂಗ ಸಿಕ್ಕಾಗಲೆಲ್ಲ ಹೀಗೆ ತಾಳೆ ನೋಡಿಯೇ ತಾರೀಕನ್ನು ನಂಬಬೇಕು.

ಇನ್ನು ತೋಟ. ಮೊದಲನೆಯದರ ಹೆಸರು ಅಲ್ಗಿಫಿಯಮ್ಮಾ. ವಿಸ್ತಾರ: ಒಂದು ಸಾತೊನ್ ಮೂರು ಕಾಬ್ ಬಾರ್ಲಿ ಬಿತ್ತುವಷ್ಟು ಜಾಗ. ಒಂದು ಸಾತೊನ್‌ಗೆ ಆರು ಕಾಬ್, ಅಂದರೆ ಒಂದೂವರೆ ಸಾತೊನ್. ಖರ್ಜೂರದ ತೋಟವನ್ನು ಬಾರ್ಲಿಯ ಬಿತ್ತಿನಲ್ಲಿ ಅಳೆಯುವುದೇಕೆ ಎಂದು ಬೇರೆಯವರು ತಬ್ಬಿಬ್ಬಾಗುತ್ತಾರೆ. ಇಷ್ಟು ಮುಡಿ ಗದ್ದೆ, ಇಷ್ಟು ಸೇರು ಬಿತ್ತುವ ಮಜಲು ಎಂದು ಭೂಮಿಯ ಲೆಕ್ಕ ಹೇಳುತ್ತಿದ್ದ ಊರಿನವರಿಗೆ ತಬ್ಬಿಬ್ಬಿಲ್ಲ. ಬೀಜದ ಅಳತೆ ಇಲ್ಲಿ ಭೂಮಿಯ ಅಳತೆ, ಬೆಳೆಯ ಹೆಸರಲ್ಲ. ಈ ಸಾಲನ್ನು ಓದಿ ಬಬಾಥಾಳ ತೋಟದಲ್ಲಿ ಬಾರ್ಲಿ ಬೆಳೆಯುತ್ತಿತ್ತು ಎಂದು ತೀರ್ಮಾನಿಸಿದರೆ ತಪ್ಪಾಗುತ್ತದೆ. ತೀರ್ವೆ: ಸಿರಿಯನ್ ಮತ್ತು ಮಿಶ್ರ ಖರ್ಜೂರ 15 ಸಾತಾ (ಸಾತೊನ್‌ನ ಬಹುವಚನ), ಸೀಳು ಖರ್ಜೂರ 10 ಸಾತಾ, ಜತೆಗೆ ಕಿರೀಟ ತೆರಿಗೆ ಎಂದು ಒಂದು "ಕರಿ" ನಾಣ್ಯ ಮತ್ತು ಅರುವತ್ತರಲ್ಲಿ ಮೂವತ್ತು ಪಾಲು. ಚಕ್ಕುಬಂದಿ: ಮಾರ್ಗ ಮತ್ತು ಸಮುದ್ರ.

ಎರಡನೆಯ ತೋಟ ಬಹಳ ಚಿಕ್ಕದು, ಒಂದು ಕಾಬ್ ಬಿತ್ತು. ಅದಕ್ಕೆ ನಿಗದಿತ ತೀರ್ವೆ ಇಲ್ಲ, ಬೆಳೆಯ ಅರ್ಧ ಕೊಡಬೇಕು. ಅದರ ಗಡಿಯಲ್ಲಿ "ನಮ್ಮ ದೊರೆ ಸೀಸರನ" ತೋಟ. ರಾಜ ರಬ್ಬೆಲನ ಕಾಲದ ನಬಾಟಿಯನ್ ಕ್ರಯಪತ್ರದಲ್ಲಿ ಇದೇ ಮಹೋಜಾದ ಗಡಿಗಳಲ್ಲಿ "ನಮ್ಮ ದೊರೆ ರಬ್ಬೆಲನ" ತೋಟ ಬರುತ್ತದೆ. ರಾಜ್ಯ ಹೋದಾಗ ರಾಜನ ಆಸ್ತಿ ಚಕ್ರವರ್ತಿಯ ಖಾತೆಗೆ ಹೋಯಿತು ಎಂಬುದನ್ನು ನಾವು ಹೀಗೆ ಚಕ್ಕುಬಂದಿಯ ಸಾಲಿನಿಂದ ತಿಳಿಯುತ್ತೇವೆ. ನಾಲ್ಕನೆಯ ತೋಟದ ಗಡಿಯಲ್ಲಿ ಒಂದು ಮಾರ್ಗ ಮತ್ತು ಥಾಮೂಸನ ಮಗಳು ತಾಮಾರಳ ಜಾಗ. ನೆರೆಯವಳೂ ಹೆಂಗಸೇ. ಆ ಊರಿನಲ್ಲಿ ಹೆಂಗಸರ ಹೆಸರಿನಲ್ಲಿ ತೋಟ ಇರುವುದು ಅಪರೂಪವಾಗಿರಲಿಲ್ಲ ಎನ್ನುವುದಕ್ಕೆ ಇಂಥ ಗಡಿಸಾಲು ದೊಡ್ಡ ಪ್ರಮಾಣ, ಯಾಕೆಂದರೆ ಅದನ್ನು ಯಾರೂ ವಾದಕ್ಕಾಗಿ ಬರೆದದ್ದಲ್ಲ.

ಕೊನೆಗೆ ರುಜುಗಳು. ಬಬಾಥಾ ಸೀಸರನ ಭಾಗ್ಯದೇವತೆಯ ಮೇಲೆ ಆಣೆಯಿಟ್ಟು ನಿಜ ಹೇಳಿದ್ದೇನೆ ಎನ್ನುತ್ತಾಳೆ. ಅವಳ ಪರವಾಗಿ ಬರೆದವನು ಎರಡನೇ ಗಂಡ ಯೆಹೂದಾ. ಅಶ್ವದಳದ ಅಧಿಕಾರಿ ಪ್ರಿಸ್ಕಸ್ ಎರಡು ದಿನ ಬಿಟ್ಟು, ಡಿಸೆಂಬರ್ 4ಕ್ಕೆ, ಸ್ವೀಕರಿಸಿದೆ ಎಂದು ಲ್ಯಾಟಿನಿನಲ್ಲಿ ಬರೆದದ್ದರ ಗ್ರೀಕ್ ಅನುವಾದ ನಕಲಿನಲ್ಲಿದೆ. ಬೆನ್ನಿನಲ್ಲಿ ಸಾಕ್ಷಿಗಳ ರುಜು ನಬಾಟಿಯನ್ ಅಕ್ಷರದಲ್ಲಿ. ಯಹೂದಿ ಹೆಂಗಸು, ಗ್ರೀಕ್ ಒಡಲು, ಲ್ಯಾಟಿನ್ ಷರಾ, ನಬಾಟಿಯನ್ ಸಾಕ್ಷಿ. ಆಣೆಯ ಸಾಲನ್ನು ಮಾತ್ರ ಹಿಡಿದುಕೊಂಡು ಅವಳು ಧರ್ಮ ಬಿಟ್ಟಿದ್ದಳೇ ಎಂದು ಕೇಳುವವರಿದ್ದಾರೆ. ಅದು ಕಚೇರಿಯ ನಮೂನೆಯ ಸಾಲು, ಎಲ್ಲರ ಅರ್ಜಿಯಲ್ಲೂ ಇರುವಂಥದು. ನಂಬಿಕೆಯನ್ನು ಅಳೆಯಲು ಅದು ಸಾಲದು.

ರುಜುವಿನ ಸಾಲು ಎಷ್ಟು ಹೇಳುತ್ತದೆ ಎಂಬುದಕ್ಕೆ ಪಿ. ಯಾದಿನ್ 15ಕ್ಕಿಂತ ಒಳ್ಳೆಯ ಉದಾಹರಣೆ ನನಗೆ ಗೊತ್ತಿಲ್ಲ. 125ರ ಅಕ್ಟೋಬರ್. ಬಬಾಥಾಳ ಮೊದಲ ಗಂಡ ಯೇಶು ತೀರಿಹೋಗಿದ್ದಾನೆ. ಮಗನ ಹೆಸರೂ ಯೇಶು. ಮಗನಿಗೆ ಪೆಟ್ರಾದ ನಗರಸಭೆ ಇಬ್ಬರು ಪಾಲಕರನ್ನು ಕೊಟ್ಟಿದೆ, ಒಬ್ಬ ಯಹೂದಿ, ಒಬ್ಬ ನಬಾಟಿಯನ್. ಅವರು ಹುಡುಗನ ಖರ್ಚಿಗೆ ತಿಂಗಳಿಗೆ ಕೊಡುವುದು 2 ದೆನಾರಿಯಸ್, ಅಂದರೆ 2 ರೋಮನ್ ಬೆಳ್ಳಿ ನಾಣ್ಯ. ಬಬಾಥಾ ಹೇಳುವುದು ಇದು: ಮಗನ ಹಣಕ್ಕೆ ನೀವು ನೂರಕ್ಕೆ ಅರ್ಧ ದೆನಾರಿಯಸ್ ಮಾತ್ರ ಬಡ್ಡಿ ಕೊಡುತ್ತೀರಿ, ಆ ಅಸಲನ್ನು ನನ್ನ ಕೈಗೆ ಕೊಡಿ, ನನ್ನ ಆಸ್ತಿಯನ್ನು ಅಡವಿಡುತ್ತೇನೆ, ನೂರಕ್ಕೆ ಒಂದೂವರೆ ಕೊಡುತ್ತೇನೆ, ಮಗ ಚೆನ್ನಾಗಿ ಬೆಳೆಯಲಿ. ಬಡ್ಡಿಯ ಲೆಕ್ಕ ತಿಂಗಳಿಗೆ. ಹಾಗಾದರೆ ಪಾಲಕರದು ವರ್ಷಕ್ಕೆ ನೂರಕ್ಕೆ 6, ಅವಳದು 18. ಆ ಕಾಲದ ಸಾಮಾನ್ಯ ಗರಿಷ್ಠ ದರ 12. ಯೆಹೂದಾ ಅದಕ್ಕೆ ಒಂದು ವರ್ಷ ಹಿಂದೆ ಮೃತ ಸಮುದ್ರದ ಪಶ್ಚಿಮ ತೀರದ ಏನ್ ಗೆದಿಯಲ್ಲಿ ರೋಮನ್ ಸೇನಾಧಿಕಾರಿಯೊಬ್ಬನಿಂದ 60 ದೆನಾರಿಯಸ್ ಸಾಲ ತೆಗೆದದ್ದೂ ಅದೇ ದರದಲ್ಲಿ. ತಿಂಗಳ 2 ದೆನಾರಿಯಸ್ ಪೂರ್ತಿ ಬಡ್ಡಿಯೇ ಆಗಿದ್ದರೆ ಅಸಲು 400 ಎಂದಾಗುತ್ತದೆ. ಅವಳು ಒಪ್ಪಿಕೊಂಡ ದರದಲ್ಲಿ ಮಗನಿಗೆ ತಿಂಗಳಿಗೆ 6 ಸಿಗಬೇಕಿತ್ತು. ಈ ಲೆಕ್ಕವನ್ನು ಕಾಗದದಲ್ಲಿ ಮಾಡಿ ನೋಡದೆ ಮುಂದಿನ ಪತ್ರಕ್ಕೆ ಹೋಗಬೇಡಿ.

ಈ ಪತ್ರದ ಅಡಿಗೆ ಬನ್ನಿ. ಒಡಲನ್ನು ಗ್ರೀಕಿನಲ್ಲಿ ಬರೆದವನು ಥೇನಾಸ್ ಎಂಬ ಲಿಪಿಕಾರ. ಬಬಾಥಾಳಿಗೆ ಅಕ್ಷರ ಬಾರದ್ದರಿಂದ ಅವಳ ಕೋರಿಕೆಯಂತೆ ಎಲೆಯಾಜರ್ ಎಂಬವನು ಬರೆದ ಎಂದಿದೆ. ಯೆಹೂದಾ ಅರಾಮಿಕ್‌ನಲ್ಲಿ ತನ್ನ ಕೈಯಿಂದ ಷರಾ ಬರೆದಿದ್ದಾನೆ. ನಬಾಟಿಯನ್ ಪಾಲಕ ನಬಾಟಿಯನ್ ಅಕ್ಷರದಲ್ಲಿ ಬರೆದಿದ್ದಾನೆ. ಒಂದೇ ಹಾಳೆಯಲ್ಲಿ ಮೂರು ಭಾಷೆ. ಇಲ್ಲಿ ಒಂದು ಶಬ್ದವನ್ನು ಹಿಡಿದು ನೋಡಬೇಕು. ಹೆಂಗಸು ವ್ಯವಹಾರ ಮಾಡುವಾಗ ಅವಳ ಜತೆ ನಿಲ್ಲುವ ಗಂಡಸನ್ನು ಗ್ರೀಕ್ ಪಾಠ "ಎಪಿತ್ರೊಪೊಸ್" ಎನ್ನುತ್ತದೆ, ಪಾಲಕ ಎಂದರ್ಥ. ಅದೇ ಸಂಬಂಧವನ್ನು ಯೆಹೂದಾ ಅರಾಮಿಕ್‌ನಲ್ಲಿ ಬರೆಯುವಾಗ "ಬಬಾಥಾಳ ಅದೋನ್" ಎನ್ನುತ್ತಾನೆ, ಒಡೆಯ ಎಂದರ್ಥ. ಈಜಿಪ್ಟಿನ ಗ್ರೀಕ್ ಪಪೈರಸ್‌ಗಳಲ್ಲಿ ಇದಕ್ಕೆ "ಕೂರಿಯೊಸ್" ಎಂಬ ಶಬ್ದ, ಅದಕ್ಕೂ ಒಡೆಯ ಎಂದೇ ಅರ್ಥ. ಒಡಲನ್ನಷ್ಟೇ ಓದಿದವರಿಗೆ ಪಾಲಕ ಕಾಣುತ್ತಾನೆ, ರುಜು ಓದಿದವರಿಗೆ ಒಡೆಯ. ಇನ್ನೊಂದು ತೊಡಕು: ಈ ಕಟ್ಟಿನಲ್ಲಿ ಅನಾಥ ಮಗುವಿನ ಪಾಲಕನಿಗೂ "ಎಪಿತ್ರೊಪೊಸ್" ಎಂದೇ ಹೆಸರು. ಎರಡು ಪಾತ್ರವನ್ನು ಕಲಸಿಕೊಂಡರೆ ಯಾರು ಯಾರ ಮೇಲೆ ದಾವೆ ಹೂಡಿದರು ಎಂಬುದೇ ತಲೆಕೆಳಗಾಗುತ್ತದೆ.

ಹೆಸರುಗಳ ಗೊಂದಲವನ್ನೂ ಇಲ್ಲೇ ಹೇಳಿಬಿಡುತ್ತೇನೆ. ಯೆಹೂದಾ, ಶಿಮೋನ್, ಯೇಶು, ಎಲೆಯಾಜರ್ ಮತ್ತೆ ಮತ್ತೆ ಬರುತ್ತವೆ. ಹೆಂಗಸರಲ್ಲಿ ಮಿರಿಯಾಮ್ ಮತ್ತು ಸಲೋಮೆ. ಬಬಾಥಾಳ ತಾಯಿ ಮಿರಿಯಾಮ್, ಸವತಿಯೂ ಮಿರಿಯಾಮ್. ಎರಡನೇ ಗಂಡ ಯೆಹೂದಾ, ಅವನ ಅಳಿಯನೂ ಯೆಹೂದಾ. ತಂದೆಯ ಹೆಸರು, ಅಡ್ಡಹೆಸರು, ಊರು ಮೂರನ್ನೂ ಬರೆದುಕೊಂಡು ವಂಶವೃಕ್ಷ ಮಾಡಿಟ್ಟುಕೊಳ್ಳದೆ ಎರಡನೇ ಪತ್ರಕ್ಕೆ ಕೈಹಾಕಬೇಡಿ. ನಮ್ಮಲ್ಲಿ ಮನೆಹೆಸರು ಮಾಡುವ ಕೆಲಸವನ್ನು ಅಲ್ಲಿ ತಂದೆಯ ಹೆಸರು ಮಾಡುತ್ತದೆ.

ಮದುವೆಯ ಪತ್ರಗಳು ಎರಡು, ಎರಡರಲ್ಲೂ ಇರುವವನು ಅದೇ ಯೆಹೂದಾ. ಬಬಾಥಾಳನ್ನು ಮದುವೆಯಾದಾಗ ಅವನು ಬರೆದುಕೊಟ್ಟದ್ದು ಅರಾಮಿಕ್ ಕೆತುಬ್ಬಾ: "ಮೋಶೆಯ ಮತ್ತು ಯಹೂದಿಗಳ ಕಟ್ಟಳೆಯಂತೆ", ಮೊತ್ತ 400 ದೆನಾರಿಯಸ್. 128ರ ಏಪ್ರಿಲ್ 5ರಂದು ಮೊದಲ ಹೆಂಡತಿಯ ಮಗಳು ಶೆಲಮ್‌ಸಿಯೋನಳನ್ನು ಧಾರೆಯೆರೆದಾಗ ಪತ್ರ ಗ್ರೀಕಿನಲ್ಲಿ. ಹುಡುಗಿಯ ಒಡವೆ ಬಟ್ಟೆಯ ಬೆಲೆ 200 ದೆನಾರಿಯಸ್, ವರ ಸೇರಿಸಿದ್ದು 300, ಒಟ್ಟು 500. ಅವಳಿಗೂ ಹುಟ್ಟುವ ಮಕ್ಕಳಿಗೂ ಅನ್ನ ಬಟ್ಟೆ ಕೊಡುತ್ತೇನೆ ಎಂಬಲ್ಲಿ "ಗ್ರೀಕ್ ಪದ್ಧತಿಯಂತೆ" ಎಂಬ ಮಾತು ಬರುತ್ತದೆ. ಇದನ್ನು ಹಿಡಿದು ತಂದೆ ಸಂಪ್ರದಾಯಸ್ಥ, ಅಳಿಯ ಹೊಸಗಾಲದವ ಎಂದು ಬರೆಯುವುದು ಸುಲಭ. ನನಗೆ ಅದು ಒಪ್ಪಿಗೆಯಿಲ್ಲ. ಆ ಮಾತು ಅನ್ನ ಬಟ್ಟೆಯ ಷರತ್ತಿಗೆ ಮಾತ್ರ ಸೇರಿದ್ದೋ, ಇಡೀ ಮದುವೆಗೋ ಎಂಬ ಚರ್ಚೆ ಇದೆ. ವರನ ಷರಾ ಇರುವುದು ಅರಾಮಿಕ್‌ನಲ್ಲೇ. ಅದೂ ಅಲ್ಲದೆ ಹನ್ನೊಂದು ದಿನ ಬಿಟ್ಟು, ಏಪ್ರಿಲ್ 16ಕ್ಕೆ, ಯೆಹೂದಾ ಮಗಳಿಗೆ ಏನ್ ಗೆದಿಯ ಮನೆಯಂಗಳದ ಅರ್ಧವನ್ನು ಕೂಡಲೇ, ಉಳಿದರ್ಧವನ್ನು ತನ್ನ ಕಾಲಾನಂತರ ಸಿಗುವಂತೆ ದಾನಪತ್ರ ಬರೆದಿದ್ದಾನೆ. ಅದಕ್ಕೂ ಮೊದಲು, ಫೆಬ್ರವರಿ 21ಕ್ಕೆ, ಬಬಾಥಾಳಿಂದ 300 ದೆನಾರಿಯಸ್ ಠೇವಣಿ ಪಡೆದಿದ್ದಾನೆ. ಮೂರೂ ಪತ್ರವನ್ನು ಸಾಲಾಗಿ ಇಟ್ಟರೆ ಮಗಳ ಮದುವೆಗೆ ಹಣ ಆಸ್ತಿ ಹೊಂದಿಸುತ್ತಿರುವ ಅಪ್ಪ ಕಾಣುತ್ತಾನೆ. ಭಾಷೆಯೊಂದನ್ನೇ ನೋಡಿದರೆ ಅವನು ಕಾಣುವುದಿಲ್ಲ.

ಅದೇ ಊರಿನ ಸಲೋಮೆ ಕೊಮಾಯ್ಸೆ ಎಂಬವಳ ಪತ್ರಗಳೂ ಸಿಕ್ಕಿವೆ. 131ರ ಅವಳ ಮದುವೆಯ ಗ್ರೀಕ್ ಪತ್ರದಲ್ಲಿ, ಈ ಮೊದಲಿನಂತೆಯೇ ಒಟ್ಟಿಗೆ ಬಾಳುವುದು ಎಂಬ ಅರ್ಥದ ಮಾತಿದೆ, ಅಂದರೆ ಸಂಸಾರ ಮೊದಲೇ ಶುರುವಾಗಿತ್ತು. ಮಿಶ್ನಾದ ನಿಯಮಗಳನ್ನು ಹಿಂದಕ್ಕೆ ಒಯ್ದು 131ರ ಜನರಿಗೆ ತೊಡಿಸಬಾರದು ಎನ್ನುವುದು ಇಂಥ ಸಾಲುಗಳಿಂದಾಗಿ. ಮಿಶ್ನಾ ಸಂಕಲನವಾದದ್ದು ಸುಮಾರು ಎಪ್ಪತ್ತು ವರ್ಷ ಆಮೇಲೆ. ಪತ್ರ ಮತ್ತು ಶಾಸ್ತ್ರ ಹೊಂದಿದಾಗ ಒಳ್ಳೆಯದೇ, ಹೊಂದದಾಗ ಪತ್ರದ ತಾರೀಕನ್ನು ನಂಬಬೇಕು.

ಹರಿದ ಜಾಗ ಎಷ್ಟು ಅಪಾಯ ಎಂಬುದಕ್ಕೆ ಬಾರ್ ಕೊಖ್ಬಾನ ಕಡೆಯವರ ಒಂದು ಪತ್ರ, ಪಿ. ಯಾದಿನ್ 52. ಸೌಮಾಯೊಸ್ ಎಂಬವನು ಹಬ್ಬಕ್ಕೆ ಬೇಕಾದ ತಾಳೆಗರಿ ಮತ್ತು ಮಾದಲದ ಹಣ್ಣುಗಳನ್ನು ಬೇಗ ಕಳುಹಿಸಿ ಎಂದು ಬರೆಯುತ್ತಾನೆ. ಪತ್ರ ಗ್ರೀಕಿನಲ್ಲಿ, ಹಾಗೆ ಯಾಕೆ ಎಂಬ ಕಾರಣವನ್ನೂ ಕೊಡುತ್ತಾನೆ: ಹೀಬ್ರೂವಿನಲ್ಲಿ ಬರೆಯಲು "…ಮಾನ್" ಸಿಗಲಿಲ್ಲ. ಆ ಶಬ್ದದ ಮೊದಲ ಅಕ್ಷರಗಳು ಹೋಗಿವೆ. "ಹೊರ್ಮಾನ್" ಎಂದು ತುಂಬಿದರೆ ಬರೆಯುವ ಮನಸ್ಸಾಗಲಿಲ್ಲ ಎಂದಾಗುತ್ತದೆ. "ಹೆರ್ಮಾನ್" ಎಂದು ತುಂಬಿದರೆ ಹೆರ್ಮಾಸ್ ಎಂಬ ಬರಹಗಾರ ಸಿಗಲಿಲ್ಲ ಎಂದಾಗುತ್ತದೆ. ಮೊದಲನೆಯದು ನಿಜವಾದರೆ ದಂಗೆಯ ನಡುವೆ ಭಾಷೆಯ ಬಗ್ಗೆ ಇದ್ದ ಮನೋಭಾವದ ದೊಡ್ಡ ಸಾಕ್ಷಿ. ಎರಡನೆಯದಾದರೆ ಆ ದಿನ ಬರೆಯುವವನು ಊರಲ್ಲಿರಲಿಲ್ಲ, ಅಷ್ಟೆ. ಎರಡು ಅಕ್ಷರದ ತೂತಿನ ಮೇಲೆ ಒಂದು ಜನಾಂಗದ ಭಾಷಾಭಿಮಾನದ ಬಗ್ಗೆ ಪುಟಗಟ್ಟಲೆ ಬರೆದದ್ದುಂಟು. ಭಾಷೆಯ ವಿಷಯದಲ್ಲಿ ಮನಸ್ಸು ನೊಂದಿರುವ ಗಡಿನಾಡಿನವರಾದ ನಾವು ಮೊದಲನೆಯ ಓದಿಗೆ ಬೇಗ ಒಲಿಯುತ್ತೇವೆ. ಅದಕ್ಕಾಗಿಯೇ ಇಲ್ಲಿ ಕೈ ಹಿಡಿದುಕೊಳ್ಳಬೇಕು.

ಇದೇ ದಂಗೆಯ ಬಗ್ಗೆ ಇತಿಹಾಸಕಾರ ಕಾಸ್ಸಿಯಸ್ ದಿಯೊ ಕೊಡುವ ಅಂಕಿಗಳು 50 ಕೋಟೆ, 985 ಹಳ್ಳಿ, ಕಾದಾಟದಲ್ಲಿ ಸತ್ತವರು 5,80,000. ಅದು ನಮಗೆ ಸಿಗುವುದು ಶತಮಾನಗಳ ನಂತರದ ಸಂಕ್ಷೇಪದಲ್ಲಿ. ನಾಯಕನ ನಿಜವಾದ ಹೆಸರು ಮಾತ್ರ ಮೃತ ಸಮುದ್ರದ ಕಡೆಯ ಗುಹೆಗಳ ಪತ್ರಗಳಿಂದಲೇ ಗೊತ್ತಾಯಿತು: ಶಿಮೋನ್ ಬಾರ್ ಕೊಸಿಬಾ. ಹಿಂಬಾಲಕರು ಅದನ್ನು ಕೊಖ್ಬಾ, ನಕ್ಷತ್ರ, ಎಂದು ತಿರುಗಿಸಿದರು. ಸೋಲಿನ ನಂತರದವರು ಕೊಜಿಬಾ, ಸುಳ್ಳು, ಎಂದು ತಿರುಗಿಸಿದರು. ಹೀಬ್ರೂ, ಅರಾಮಿಕ್ ಬರಹದಲ್ಲಿ ಸ್ವರಗಳು ಹೆಚ್ಚಾಗಿ ಕಾಣುವುದಿಲ್ಲ, ಗ್ರೀಕಿನಲ್ಲಿ ಕಾಣುತ್ತವೆ. ಆದ್ದರಿಂದ ಹೆಸರಿನ ಉಚ್ಚಾರ ಗೊತ್ತಾಗಲು ನೆರವಾದದ್ದು ಅವನ ಕಡೆಯವರ ಇನ್ನೊಂದು ಗ್ರೀಕ್ ಪತ್ರ.

ಓದಲು ಶುರುಮಾಡುವವರು ಗ್ರೀಕ್ ಬಾರದಿದ್ದರೂ ಅಂಜಬೇಕಾಗಿಲ್ಲ. ಗ್ರೀಕ್ ಪತ್ರಗಳನ್ನು ನಾಫ್ತಾಲಿ ಲೂಯಿಸ್ 1989ರಲ್ಲಿ ಅನುವಾದ ಸಮೇತ ಪ್ರಕಟಿಸಿದರು. ನಬಾಟಿಯನ್ ಮತ್ತು ಅರಾಮಿಕ್ ಪತ್ರಗಳು ಅಚ್ಚಾಗಲು 2002ರವರೆಗೆ ಕಾಯಬೇಕಾಯಿತು. ಆ ಹದಿಮೂರು ವರ್ಷಗಳಲ್ಲಿ ಬರೆದ ಲೇಖನಗಳು ಗ್ರೀಕ್ ಭಾಗದ ಮೇಲೆಯೇ ವಾಲಿರುತ್ತವೆ, ಅದನ್ನು ನೆನಪಿಟ್ಟುಕೊಂಡು ಓದಿ. ಗ್ರೀಕ್ ಪಾಠ ಪಪೈರಿ ಡಾಟ್ ಇನ್ಫೋ ತಾಣದಲ್ಲಿ ಪುಕ್ಕಟೆ ಸಿಗುತ್ತದೆ. ಗ್ರೀಕಿನ 24 ಅಕ್ಷರ ಕಲಿತರೆ ಹೆಸರು, ತಿಂಗಳು ಮತ್ತು ಸಂಖ್ಯೆಗಳನ್ನು ನೀವೇ ಗುರುತಿಸಬಹುದು. ನನ್ನ ಕ್ರಮ ಇದು: ಪಿ. ಯಾದಿನ್ 16, 12, 15, 17, 18, 19, ಆಮೇಲೆ ಸವತಿಯರಿಬ್ಬರೂ ಸತ್ತ ಗಂಡನ ಆಸ್ತಿಗಾಗಿ ರಾಜ್ಯಪಾಲನ ಎದುರು ಬನ್ನಿ ಎಂದು ಒಬ್ಬರನ್ನೊಬ್ಬರು ಕರೆದ 26, ಕಡೆಗೆ 27. ಕೊನೆಗೆ ಹಿಂದಿನ ನಬಾಟಿಯನ್ ಕ್ರಯಪತ್ರಗಳು. ಅವುಗಳಲ್ಲಿ ನೀರಿನ ಪಾಳಿಯನ್ನೂ ತೋಟದ ಜತೆ ಬರೆದುಕೊಡುತ್ತಾರೆ. ಕಟ್ಟದ ನೀರಿನ ಪಾಳಿಗಾಗಿ ಜಗಳವಾದದ್ದನ್ನು ಕೇಳಿ ಬಲ್ಲವರು ಆ ಭಾಗವನ್ನು ನಿಧಾನವಾಗಿ ಓದಲಿ.

28ರಿಂದ 30ರವರೆಗಿನ ಮೂರು ಕಾಗದಗಳು ಒಂದೇ ಪಾಠದ ಪ್ರತಿಗಳು. ಪಾಲಕನ ಮೇಲೆ ದಾವೆ ಹೂಡಲು ರೋಮನ್ ಕಾನೂನಿನಲ್ಲಿದ್ದ ನಮೂನೆಯ ಗ್ರೀಕ್ ಅನುವಾದ ಅದು. ಅಕ್ಷರ ಬಾರದ ಹೆಂಗಸು ಅದರ ಮೂರು ಪ್ರತಿ ಇಟ್ಟುಕೊಂಡಿದ್ದಳು. ಫಲವೇನಾಯಿತು ಎಂಬುದು 27ರಲ್ಲಿದೆ. 132ರ ಆಗಸ್ಟ್ 19. ಹಳೆಯ ಯಹೂದಿ ಪಾಲಕನ ಜಾಗದಲ್ಲಿ ಈಗ ಅವನ ಮಗ ಶಿಮೋನ್. ಬಬಾಥಾ ಅವನಿಗೆ ರಶೀದಿ ಕೊಡುತ್ತಾಳೆ: ಮಗನ ಅನ್ನ ಬಟ್ಟೆಗೆ ಮೂರು ತಿಂಗಳ ಬಾಬ್ತು 6 ದೆನಾರಿಯಸ್ ಸಂದಿದೆ. ತಿಂಗಳಿಗೆ 2, ಏಳೆಂಟು ವರ್ಷದ ಹಿಂದೆ ಇದ್ದಷ್ಟೇ. ಅವಳ ಮಾತು ಅರಾಮಿಕ್‌ನಲ್ಲಿದೆ, ಅದರ ಗ್ರೀಕ್ ಅನುವಾದ ಕೆಳಗಿದೆ, ಕೊನೆಯಲ್ಲಿ ಲಿಪಿಕಾರ ಗೆರ್ಮಾನೊಸ್‌ನ ಹೆಸರು. ಅದೇ ವರ್ಷ ದಂಗೆ ಶುರುವಾಯಿತು. ಅದಾದ ಮೇಲಿನ ತಾರೀಕಿನ ಕಾಗದ ಆ ಚೀಲದಲ್ಲಿ ಇಲ್ಲ.